ನುಗ್ಗೆಸೊಪ್ಪಿನ ಹೂರಣ

ಕಮಲಿನಿ ಬಾಗಿಲಿಗೆ ನೀರು ಹಾಕಿ ರಂಗೋಲಿಯ ಚುಕ್ಕಿ ಇಡುತ್ತಿದ್ದಳು. ಅರ್ಧ ಇಟ್ಟಿದ್ದಳೋ ಇಲ್ಲವೋ, ಬಗ್ಗಿದ ತಲೆಯ ಮೇಲೆ ಬುಟ್ಟಿಯ ನೆರಳು ಬಿತ್ತು.

"ಕಮಲಮ್ಮಾ, ಮುರುಂಗೆ ಸೊಪ್ಪು ಐತೆ. ಎಳೇದು, ಮುಟ್ಟುದ್ರೆ ಬೆಣ್ಣೆ ಇದ್ದಂಗೈತೆ. ತಕ್ಕಳಿ."

ಮುನಿವೆಂಕಟಮ್ಮ ಕಡಯಂಪಟ್ಟಿ ಕಡೆಯವಳು. ಮೊದಲ ಬಸ್ಸಿಗೆ ಸೊಪ್ಪು, ತರಕಾರಿ ತಂದು ಸೇಲಂನ ಸೂರಮಂಗಲದ ಬೀದಿಗಳಲ್ಲಿ ಮಾರುತ್ತಿದ್ದಳು. ಈ ಬೀದಿಯಲ್ಲಿ ಕನ್ನಡದಲ್ಲಿ ಚೌಕಾಸಿ ಮಾಡುವ ಮನೆ ಇದೊಂದೇ. ಹಾಗಾಗಿ ಇಲ್ಲಿ ಬುಟ್ಟಿ ಇಳಿಸಿ, ಒಂದು ಚೊಂಬು ನೀರು ಕುಡಿದೇ ಅವಳು ಮುಂದೆ ಹೋಗುವುದು.

ಕಮಲಿನಿ ನುಗ್ಗೆಸೊಪ್ಪಿನ ಕಡೆ ನೋಡಿದಳು. ನಿಜಕ್ಕೂ ಎಳೆಯದು. ಕೈ ಚಾಚುವ ಮೊದಲೇ ಒಳಗಿನಿಂದ ಮಾವನವರ ದನಿ ಬಂತು.

"ಯಾರಮ್ಮ ಅದು? ಇವತ್ತಿಂದ ಶಾಕವ್ರತ ಅಂತ ಹೇಳಿಬಿಡು. ಬುಟ್ಟಿ ಒಳಗೆ ತರೋದು ಬೇಡ."

"ಒಂದು ತಿಂಗಳು ಬೇಡ ಮುನಿವೆಂಕಟಮ್ಮ," ಎಂದಳು ಕಮಲಿನಿ.

"ಒಂದ್ ತಿಂಗ್ಳಾ! ಅಂಗಾರೆ ಏನ್ ತಿಂತೀರಿ? ಬರೀ ಸೋರಾ? ಬರೀ ಅನ್ನಾನಾ?"

"ಬೇಳೆ ಇದೆ, ಮೊಸರಿದೆ, ಮಾವಿನಕಾಯಿ ಇದೆ."

"ಮೆಣಸಿನಕಾಯಿ?"

"ಅದೂ ಇಲ್ಲ. ಕಾಳುಮೆಣಸು."

"ಅದ್ಯಾಕಮ್ಮಾ ನಿಮ್ ದೇವ್ರು ಕತ್ರಿಕಾಯ್ ಮ್ಯಾಲೆಲ್ಲಾ ಮುನಿಸ್ಕಂಡವ್ನೆ?" ಮುನಿವೆಂಕಟಮ್ಮ ನಗುತ್ತ ಸಿಂಬಿ ಸರಿಮಾಡಿಕೊಂಡಳು. "ಓಗ್ಲಿ ಬುಡಿ. ಈ ಬೀದಿಗ್ ಬಂದು ನನ್ ಚಪ್ಪಲಿ ಸವೀತೈತೆ, ಅಷ್ಟೇಯಾ."

ಅಷ್ಟರಲ್ಲಿ ಆರತಿ ಕಣ್ಣುಜ್ಜುತ್ತ ಹೊಸಿಲಿಗೆ ಬಂದು ನಿಂತಳು. ಮುನಿವೆಂಕಟಮ್ಮ ಬುಟ್ಟಿ ಎತ್ತುವುದನ್ನು ಬಿಟ್ಟು ಅವಳನ್ನೇ ನೋಡಿದಳು.

"ಏನ್ ಪಾಪಾ, ಇಂಗ್ ಬೆಳ್ಳಗಾಗೋಗಿದೀಯ? ಸುಣ್ಣ ಒಡ್ದಂಗೆ?"

ಆರತಿ ಅಮ್ಮನ ಸೆರಗಿನ ಹಿಂದೆ ಸರಿದಳು. ಕಮಲಿನಿ ಉಳಿದ ಚುಕ್ಕಿಗಳನ್ನು ಇಡದೆ, ಇಟ್ಟಷ್ಟಕ್ಕೇ ಗೆರೆ ಕೂಡಿಸಿ ಎದ್ದಳು.

ಮಗುವಿಗೆ ರಕ್ತ ಕಡಿಮೆ ಎಂದು ಹಿಂದಿನ ವಾರವಷ್ಟೇ ಡಾಕ್ಟರು ಹೇಳಿದ್ದರು. ಕೊಟ್ಟ ಟಾನಿಕ್ಕು ಗಂಟಲಿಗೆ ಇಳಿದರೆ ಹೊಟ್ಟೆಯಲ್ಲಿ ನಿಲ್ಲುತ್ತಿರಲಿಲ್ಲ, ಕುಡಿದ ಗಳಿಗೆಯಲ್ಲೇ ವಾಂತಿ. "ಹಾಗಾದ್ರೆ ದಿನಾ ಕೀರೆ, ಯಾವುದಾದ್ರೂ ಸೊಪ್ಪು ಕೊಡಿ, ಕ್ಯಾರೆಟ್ ಕೊಡಿ, ಬೀಟ್‌ರೂಟ್ ಕೊಡಿ. ಬಿಡಬೇಡಿ," ಎಂದಿದ್ದರು ಡಾಕ್ಟರಮ್ಮ. ದಿನಾ ಎಂಬ ಮಾತನ್ನು ಎರಡು ಸಲ ಹೇಳಿದ್ದರು.

ಆ ದಿನಾ ಎಂಬುದಕ್ಕೂ ಈ ತಿಂಗಳಿಗೂ ಹೊಂದಿಕೆಯೇ ಇರಲಿಲ್ಲ. ಚಾತುರ್ಮಾಸ್ಯದ ಮೊದಲ ತಿಂಗಳು ಆ ಮನೆಯಲ್ಲಿ ಮಾವಿನಕಾಯಿಯೊಂದನ್ನು ಬಿಟ್ಟರೆ ತರಕಾರಿ, ಸೊಪ್ಪು, ಹಣ್ಣು, ತೆಂಗಿನಕಾಯಿ, ಹುಣಸೆ ಯಾವುದೂ ಇಲ್ಲ. ಅತ್ತೆ ಇದ್ದಾಗ ಅವರೇ ಅದನ್ನು ನಡೆಸುತ್ತಿದ್ದರು. ಆಗ ಮಾವನವರು, ಸೇತುಮಾಧವರಾಯರು, ಎಲೆಯ ಮುಂದೆ ಕೂತು ಗೊಣಗುತ್ತಿದ್ದರು. "ಒಂದು ಬೆಂಡೆಕಾಯಿ ಹೋಳಿಲ್ಲದೆ ಇದೂ ಒಂದು ಊಟವೇನೇ?" ಕಾರ್ತಿಕದಲ್ಲಿ ಅತ್ತೆ ಹೋಗಿಬಿಟ್ಟರು. ಈ ಆಷಾಢ ಬಂದಾಗ ಯಾರೂ ನೆನಪಿಸದೆ, ಪಂಚಾಂಗ ನೋಡಿ ಫ್ರಿಜ್ಜಿನ ತರಕಾರಿಯನ್ನೆಲ್ಲ ಎದುರುಮನೆಯ ವಾಣಿಗೆ ಕೊಟ್ಟು ಬಂದವರು ಮಾವನವರೇ.

ಸಂಜೆ ಊಟಕ್ಕೆ ಬಡಿಸುತ್ತ ಕಮಲಿನಿ ಮಾತು ತೆಗೆದಳು.

"ಮಾವ, ಡಾಕ್ಟರು ಆರತಿಗೆ ಸೊಪ್ಪು ಕೊಡ್ಲೇಬೇಕು ಅಂದಿದಾರೆ."

"ಹೂಂ. ಮಗು ವಿಷಯ ಬೇರೆ." ಅವರು ಮಜ್ಜಿಗೆಗೆ ಕೈಯೊಡ್ಡಿದರು. "ಆದ್ರೆ ಅಡುಗೆಮನೆಗೆ ಬರಬಾರದು. ಒಲೆ ಒಂದೇ, ಪಾತ್ರೆ ಒಂದೇ. ನಿಮ್ಮತ್ತೆ ಇದ್ದಾಗ ಬಂದಿತ್ತಾ?"

"ಬಂದಿರಲಿಲ್ಲ."

"ಮತ್ತೆ?"

ಕಮಲಿನಿ ಗಂಡನ ಮುಖ ನೋಡಿದಳು. ರೈಲ್ವೆ ಆಫೀಸಿನಿಂದ ಆಗತಾನೆ ಬಂದಿದ್ದ ಮಾಧವ ಎಡಗೈಯಲ್ಲಿ ಫೋನು ಹಿಡಿದು ಅನ್ನ ಕಲಸುತ್ತಿದ್ದ.

"ಅಪ್ಪ ಹೇಳಿದ್ರಲ್ಲ. ಹೊರಗಡೆ ಎಲ್ಲಾದ್ರೂ ಕೊಡ್ಸು. ಅಡ್ಜಸ್ಟ್ ಮಾಡ್ಕೋ ಒಂದು ತಿಂಗಳು."

"ಹೊರಗಡೆ ಅಂದ್ರೆ? ದಿನಾ ಹೋಟೆಲಿಂದ ಕೀರೆ ತರ್ಲಾ?"

"ಅದಕ್ಕೂ ನಾನೇ ಉತ್ತರ ಹೇಳ್ಬೇಕಾ? ಬರೋವಾಗ್ಲೇ ತಲೆನೋವು."

ತಲೆನೋವು ಎಂದ ಮೇಲೆ ಮಾತು ಮುಗಿದಂತೆ. ಕಮಲಿನಿ ಎಲೆ ತೆಗೆದು, ಗೋಮಯ ಹಚ್ಚಿ, ಪಾತ್ರೆ ತೊಳೆದು, ಮರುದಿನಕ್ಕೆ ಮಡಿಬಟ್ಟೆ ಒಣಹಾಕಿದಳು. ಕೋಲಿನ ತುದಿಯಿಂದ ಸೀರೆಯನ್ನು ಎತ್ತರದ ಗಳುವಿಗೆ ಏರಿಸುವಾಗ ಭುಜ ಎಳೆಯಿತು. ಕೈ ಇಳಿಸದೆ ಹಾಗೇ ಸ್ವಲ್ಪ ಹೊತ್ತು ನಿಂತಳು. ಎದುರಿಗೆ ಹಿತ್ತಿಲ ಜಗಲಿಯಲ್ಲಿ, ವಾಷಿಂಗ್ ಮೆಷಿನ್ನಿನ ಮೇಲೆ, ಯಾರೂ ಬಳಸದ ಕರೆಂಟ್ ಒಲೆ ಕೂತಿತ್ತು.

ಮರುದಿನ ಮುನಿವೆಂಕಟಮ್ಮ ಬೀದಿ ತುದಿಯಲ್ಲಿ ಸಿಕ್ಕಳು. ಹೇಗೆ ಸಿಕ್ಕಳು ಎಂದರೆ, ಹಾಲು ತರುವ ನೆಪದಲ್ಲಿ ಕಮಲಿನಿಯೇ ಅವಳನ್ನು ಅಲ್ಲಿ ಕಾದಿದ್ದಳು.

"ದೇವ್ರು ಸಮಾಧಾನ ಆದ್ನಾ?" ಎಂದು ಕೇಳಿ, ಮುನಿವೆಂಕಟಮ್ಮ ಸೊಪ್ಪನ್ನು ಹಾಲಿನ ಚೀಲದೊಳಗೆ ತುರುಕಿದಳು.

"ಜೋರಾಗಿ ಮಾತಾಡ್ಬೇಡ ಮಾರಾಯ್ತಿ."

"ಆಗ್ಲಿ. ನಾಳೆ ಹಿತ್ಲು ಗೇಟ್‌ತಾವ್ಕೇ ಬತ್ತೀನಿ. ನಿಮ್ ಮಾವ ಆವಾಗ ಪೂಜೇಲಿ ಇರ್ತಾರಲ್ವಾ?"

ಮಾವನವರಿಗೆ ಸಕ್ಕರೆ ಕಾಯಿಲೆ. ಅನ್ನದ ಬದಲು ಅವರಿಗೆ ಚಪಾತಿ. ವ್ರತದಲ್ಲಿ ಪಲ್ಯ ಇಲ್ಲದ್ದರಿಂದ, ಹೆಸರುಬೇಳೆಯನ್ನು ಉದುರುದುರಾಗಿ ಬೇಯಿಸಿ, ಮೆಣಸು ಜೀರಿಗೆ ಪುಡಿ, ಮಾವಿನಕಾಯಿ ತುರಿ ಕೂಡಿಸಿ, ಅದನ್ನೇ ಹೂರಣವಾಗಿ ತುಂಬಿ ಲಟ್ಟಿಸಿ ಕೊಡುವುದು ಅತ್ತೆಯ ಕಾಲದಿಂದ ಬಂದ ಪದ್ಧತಿ. ಆರತಿಯ ಚಪಾತಿಯೂ ಹಾಗೇ ಇರಲಿ ಎಂದುಕೊಂಡಳು ಕಮಲಿನಿ. ಹೊರಗಿನಿಂದ ನೋಡಿದರೆ ಯಾವುದು ಯಾರದೋ ತಿಳಿಯಬಾರದು.

ಮಡಿ ಅಡುಗೆ ಮುಗಿಸಿ, ಮಾವನವರು ಗಂಟೆ ಬಾರಿಸಲು ಶುರುಮಾಡಿದ ಮೇಲೆ, ಅವಳು ಹಿತ್ತಿಲ ಜಗಲಿಗೆ ಬರುತ್ತಿದ್ದಳು. ನುಗ್ಗೆಸೊಪ್ಪನ್ನು ಕಡ್ಡಿಯಿಂದ ಬಿಡಿಸಿ, ಸಣ್ಣಗೆ ಹೆಚ್ಚಿ, ಕ್ಯಾರೆಟ್ ತುರಿಯ ಜೊತೆ ಒಂದು ಚಮಚ ತುಪ್ಪದಲ್ಲಿ ಬಾಡಿಸುತ್ತಿದ್ದಳು. ಬೆಂದ ಆಲೂಗೆಡ್ಡೆ ಹಿಸುಕಿ ಸೇರಿಸುತ್ತಿದ್ದಳು. ಉಪ್ಪು ಮೊದಲೇ ಹಾಕಿದರೆ ಸೊಪ್ಪು ನೀರು ಬಿಟ್ಟು ಚಪಾತಿ ಹರಿಯುತ್ತದೆ. ಮೊದಲ ದಿನ ಹಾಗೇ ಆಗಿ ಹಸಿರೆಲ್ಲ ಹೊರಗೆ ಬಂದಿತ್ತು. ಆಮೇಲಿನಿಂದ ತುಂಬುವ ಹೊತ್ತಿಗೇ ಉಪ್ಪು. ಹಿಟ್ಟಿನ ಉಂಡೆಯನ್ನು ಬಟ್ಟಲು ಮಾಡಿ, ಹೂರಣ ಇಟ್ಟು, ಅಂಚನ್ನೆಲ್ಲ ಮೇಲಕ್ಕೆ ಎಳೆದು ಮುಚ್ಚಿ, ಜುಟ್ಟನ್ನು ಚಿವುಟಿ ಒತ್ತಿಬಿಡುತ್ತಿದ್ದಳು. ಮೇಲೆ ಗೋಧಿಹಿಟ್ಟು ಉದುರಿಸಿ ಹಗುರಾಗಿ ಲಟ್ಟಿಸಿದರೆ ಒಳಗೇನಿದೆ ಎಂದು ಹಾಕಿದವಳಿಗೇ ಅನುಮಾನ ಬರಬೇಕು.

"ಆರತಿ, ಇದರಲ್ಲಿ ಕೀರೆ ಇದೆ. ತಾತಂಗೆ ಹೇಳ್ಬೇಡ."

"ಯಾಕಮ್ಮಾ?"

"ಹೇಳ್ಬೇಡ ಅಷ್ಟೆ. ಸ್ಕೂಲಲ್ಲೇ ತಿಂದ್ಬಿಡು. ಮನೇಲಿ ಡಬ್ಬಿ ತೆಗೀಬೇಡ."

"ತಾತ ಕೇಳಿದ್ರೆ?"

"ಬೇಳೆ ಅನ್ನು."

ಆರತಿ ಏನೋ ಕೇಳಲು ಬಾಯಿ ತೆರೆದಳು. ಹೊರಗೆ ಸ್ಕೂಲ್ ವ್ಯಾನು ಹಾರನ್ ಹೊಡೆಯಿತು. ಬಾಯಿ ಮುಚ್ಚಿಕೊಂಡು ಓಡಿದಳು.

ಡಬ್ಬಿ ದಿನಾ ಖಾಲಿಯಾಗಿ ಬರುತ್ತಿತ್ತು. ಅದನ್ನು ತೊಳೆಯುವಾಗ ಮಾತ್ರ ಕಮಲಿನಿಗೆ ಆಯಾಸ ಅನ್ನಿಸುತ್ತಿರಲಿಲ್ಲ. ಬೆಳಿಗ್ಗೆ ಎರಡು ಅಡುಗೆ, ಎರಡು ಸಲ ಒಲೆ ಒರೆಸುವುದು, ಸೊಪ್ಪಿನ ಕಡ್ಡಿಗಳನ್ನು ಪೇಪರಿನಲ್ಲಿ ಸುತ್ತಿ ಎದುರುಮನೆಯ ಕಸದ ಬುಟ್ಟಿಗೆ ಹಾಕುವುದು, ಇಷ್ಟಕ್ಕೆಲ್ಲ ಆ ಖಾಲಿ ಡಬ್ಬಿಯೇ ಕೂಲಿ.

"ಏನ್ ಕಮಲಿನಿ, ನಿಮ್ಮನೆ ಕುಪ್ಪೈ ದಿನಾ ನಮ್ಮನೇಗೆ?" ಎಂದು ವಾಣಿ ಒಂದು ದಿನ ನಕ್ಕಳು.

"ಒಂದು ತಿಂಗಳು ತಡ್ಕೊಳ್ಳಿ ವಾಣಿ. ಕಾಲಿಗೆ ಬೀಳ್ತೀನಿ."

ನಡುವೆ ಏಕಾದಶಿ ಬಂತು. ಮಾವನವರದು ನಿರ್ಜಲ ಉಪವಾಸ. ಮರುದಿನ ದ್ವಾದಶಿ. ಬೆಳಕು ಹರಿಯುವ ಹೊತ್ತಿಗೆ ಪಾರಣೆ ಆಗಬೇಕು, ಅದೇ ಹೊತ್ತಿಗೆ ಆರತಿಯ ಡಬ್ಬಿಯೂ ಆಗಬೇಕು. ಕಮಲಿನಿ ಕತ್ತಲಿರುವಾಗಲೇ ಎದ್ದು ತಲೆಗೆ ನೀರು ಹಾಕಿಕೊಂಡು, ಮಡಿಯುಟ್ಟು, ಸಾರು ಕುದಿಸಿ, ಬೇಳೆಯ ಚಪಾತಿ ಬೇಯಿಸಿ ಮುಚ್ಚಿಟ್ಟಳು. ಆಮೇಲೆ ಹಿತ್ತಿಲಿಗೆ ಬಂದು ಕರೆಂಟ್ ಒಲೆಯ ಗುಂಡಿ ಒತ್ತಿದಳು. ಒಲೆ ಮಿಣುಕಲಿಲ್ಲ. ಬೀದಿಗೆ ಬೀದಿಯೇ ಕತ್ತಲು.

ಸೊಪ್ಪು ಹಿಂದಿನ ರಾತ್ರಿಯೇ ಬಾಡಿಸಿ ಆಗಿತ್ತು. ಚಪಾತಿ ಲಟ್ಟಿಸಿಯೂ ಆಗಿತ್ತು.

ಅವಳು ಸ್ವಲ್ಪ ಹೊತ್ತು ಕರೆಂಟು ಬರುವುದನ್ನು ಕಾದಳು. ದೇವರಕೋಣೆಯಿಂದ ಗಂಟೆ ಕೇಳಿಸುತ್ತಲೇ ಇತ್ತು. ತಟ್ಟೆಯನ್ನು ಸೆರಗಿನಡಿ ಹಿಡಿದು ಅಡುಗೆಮನೆಗೆ ಬಂದು, ಗ್ಯಾಸ್ ಹಚ್ಚಿ, ಅದೇ ಹೆಂಚಿನ ಮೇಲೆ ಬೇಯಿಸಿದಳು. ಬೆಂದದ್ದನ್ನು ಇನ್ನೊಂದು ಮುಚ್ಚಳದ ಕೆಳಗೆ ಇಟ್ಟಳು. ಡಬ್ಬಿಗೆ ತುಂಬುವಷ್ಟರಲ್ಲಿ ಆರತಿ ಕೂದಲು ಹರಡಿಕೊಂಡು ಅಡುಗೆಮನೆಯ ಹೊಸಿಲಿಗೆ ಬಂದಳು.

"ಅಮ್ಮಾ, ಸೀಕ್ರಂ! ಬೇಗ ಜಡೆ ಹಾಕು. ವ್ಯಾನ್ ಬರುತ್ತೆ."

ಹಾಸಿಗೆಯಿಂದ ಎದ್ದ ಮಗುವನ್ನು ಮುಟ್ಟಿದ ಮೇಲೆ ಮಡಿ ಎಲ್ಲಿಂದ? ಜಡೆ ಹೆಣೆಯುತ್ತಿದ್ದಾಗಲೇ ಮಾವನವರು ತೀರ್ಥ ತೆಗೆದುಕೊಂಡು ಎದ್ದು ಬಂದರು. ನಿನ್ನೆಯಿಡೀ ಖಾಲಿ ಹೊಟ್ಟೆ, ಮುಖ ಸಣ್ಣಗಾಗಿತ್ತು.

"ಒಂದು ನಿಮಿಷ ಮಾವ, ಕೈಕಾಲಿಗೆ ನೀರು ಹಾಕ್ಕೊಂಡು ಬಂದು ಬಡಿಸ್ತೀನಿ."

"ನೀನು ಮುಟ್ಟಿಬಿಟ್ಟಿದೀಯಲ್ಲ, ಇನ್ನು ಮತ್ತೆ ಸ್ನಾನ ಯಾಕೆ? ನಾನೇ ಬಡಿಸ್ಕೋತೀನಿ. ಮುಚ್ಚಿಟ್ಟಿರೋದು ತಾನೆ?"

ಕಮಲಿನಿ ಏಳುವುದರೊಳಗೆ ಅವರು ಒಳಗೆ ಹೋಗಿದ್ದರು. ಜಡೆಯ ಎಳೆ ಅವಳ ಕೈಯಲ್ಲೇ ನಿಂತಿತು. ಹೊಸಿಲಿನಿಂದ ಅಮ್ಮ, ಮಗಳು ಇಬ್ಬರಿಗೂ ಕಾಣುತ್ತಿತ್ತು. ಅವರು ಎಲೆ ಹಾಕಿಕೊಂಡರು. ಹತ್ತಿರದ ಮುಚ್ಚಳ ಸರಿಸಿ ಚಪಾತಿ ತೆಗೆದುಕೊಂಡರು. ಎಲೆಯ ಸುತ್ತ ನೀರು ಬಿಟ್ಟು ಪರಿಷೇಚನೆ ಮಾಡಿದರು. ಮುರಿದು ಬಾಯಿಗಿಟ್ಟರು.

ಅಗಿಯುವುದು ನಿಂತಿತು. ಮುರಿದ ಅಂಚಿನಲ್ಲಿ ಹಸಿರು ಕಾಣುತ್ತಿತ್ತು. ಬೇರೆ ದ್ವಾದಶಿಗಳಲ್ಲಿ ಅಗಸೆಸೊಪ್ಪಿನ ಪಲ್ಯವಿಲ್ಲದೆ ಅವರ ಎಲೆಯೇ ಇರುತ್ತಿರಲಿಲ್ಲ. ಅಂಥವರಿಗೆ ಸೊಪ್ಪಿನ ರುಚಿ ತಿಳಿಯದೇ ಹೋದೀತೆ?

ಅವರು ತಲೆಯೆತ್ತಿ ಆರತಿಯನ್ನು ನೋಡಿದರು. ಮತ್ತೆ ಅಗಿಯತೊಡಗಿದರು. ಎಲೆಯಲ್ಲಿ ಹಾಕಿಕೊಂಡದ್ದನ್ನು ಪೂರ್ತಿ ತಿಂದು, ಮಜ್ಜಿಗೆ ಕುಡಿದು, ಎಲೆಯನ್ನು ತಾವೇ ಮಡಚಿ ಎತ್ತಿದರು.

"ಬೇಳೆ ಚೆನ್ನಾಗಿ ಬೆಂದಿದೆ ಕಮಲಿನಿ," ಎಂದರು.

ಆ ರಾತ್ರಿ ಅವರು ಊಟಕ್ಕೆ ಬರಲಿಲ್ಲ. ಮರುದಿನವೂ ಇಡೀ ದಿನ ಬರೀ ನೀರು. ಹೊಟ್ಟೆ ಭಾರ ಎಂದರು. "ಡಾಕ್ಟರ ಹತ್ರ ಹೋಗೋಣ ಬನ್ನಿ ಅಪ್ಪಾ," ಎಂದ ಮಾಧವ. "ಡಾಕ್ಟರಿಗೆ ಏನು ಗೊತ್ತು," ಎಂದು ಜಪಸರ ಹಿಡಿದು ಕೂತರು. ಕಮಲಿನಿ ಮಾತ್ರ ಅವರ ಕೋಣೆಯ ಮುಂದೆ ಮೂರು ಸಲ ಹೋಗಿ, ಮೂರು ಸಲವೂ ಬರೀ ನೀರಿನ ಚೊಂಬು ತುಂಬಿಸಿ ಬಂದಳು. ತಪ್ಪಾಯ್ತು ಎಂದರೆ, ಯಾವುದು ತಪ್ಪಾಯ್ತು ಎಂದು ಹೇಳಬೇಕಿತ್ತು. ನಾಳೆಯಿಂದ ಮಾಡುವುದಿಲ್ಲ ಎನ್ನಬೇಕಿತ್ತು. ಅದನ್ನು ಅನ್ನುವ ಹಾಗಿರಲಿಲ್ಲ.

ಅವರು ಬೈದಿದ್ದರೆ ಹಗುರಾಗುತ್ತಿತ್ತು. ಅವರು ಬೈಯಲಿಲ್ಲ. ಬೆಳಿಗ್ಗೆ ಪೇಪರ್ ಓದುತ್ತ ಕೂತಲ್ಲಿಂದಲೇ ಒಂದು ದಿನ ಕೇಳಿದರು.

"ಡಬ್ಬಿಗೆ ಏನಮ್ಮ ಇವತ್ತು?"

"ಚಪಾತಿ, ಮಾವ."

"ಸರಿ."

ಅಷ್ಟೇ. ಕಮಲಿನಿ ಹಿತ್ತಿಲಿಗೆ ಹೋಗಿ ಸೊಪ್ಪು ಬಿಡಿಸಿದಳು. ಕಡ್ಡಿಯೂ ಸೊಪ್ಪೂ ಒಂದರಲ್ಲೇ ಬಿದ್ದವು. ಕೂತು ಮತ್ತೆ ಆರಿಸಿದಳು.

ಶನಿವಾರ ಸ್ಕೂಲ್ ಬ್ಯಾಗು ಒಗೆಯಲು ತೆಗೆದುಕೊಂಡಾಗ ಬದಿಯ ಜೇಬು ಗಟ್ಟಿಯಾಗಿತ್ತು. ಒಳಗೆ ಕೈಬಟ್ಟೆಯ ಗಂಟು. ಬಿಚ್ಚಿದರೆ ಹುಳಿವಾಸನೆ. ಕಪ್ಪುಹಸಿರಾಗಿ ಒಣಗಿದ ಸೊಪ್ಪು, ಕ್ಯಾರೆಟ್ ತುರಿ, ಮುದ್ದೆಯಾದ ಆಲೂಗೆಡ್ಡೆ. ಮಗು ದಿನಾ ಚಪಾತಿಯ ಅಂಚು ಬಿಡಿಸಿ, ಹೂರಣ ಕೆರೆದು ತೆಗೆದು, ಬರೀ ಸಿಪ್ಪೆ ತಿಂದಿತ್ತು. ಡಬ್ಬಿ ಖಾಲಿಯಾಗಿಯೇ ಬರುತ್ತಿದ್ದುದು ಹೀಗೆ.

ಕಮಲಿನಿ ಒಗೆಯುವ ಕಲ್ಲಿನ ಮೇಲೇ ಕೂತುಬಿಟ್ಟಳು.

"ಆರತೀ, ಬಾ ಇಲ್ಲಿ. ಏನಿದು?"

ಆರತಿ ಗಂಟನ್ನು ನೋಡಿ ನೆಲ ನೋಡಿದಳು.

"ರುಚಿ ಇಲ್ವಾ?"

ತಲೆಯಾಡಿಸಿದಳು. ಅದು ಇದೆ ಎಂದೋ ಇಲ್ಲ ಎಂದೋ ತಿಳಿಯಲಿಲ್ಲ.

"ಖಾರ ಆಯ್ತಾ? ಫ್ರೆಂಡ್ಸ್ ನಗ್ತಾರಾ? ಹೇಳಮ್ಮ, ನಾನು ಬೈಯಲ್ಲ. ದಿನಾ ಇದಕ್ಕೋಸ್ಕರ ನಾನು ಎಷ್ಟೊತ್ತಿಗೆ ಏಳ್ತೀನಿ ಗೊತ್ತಾ ನಿನಗೆ?"

"ಗೊತ್ತು."

"ಮತ್ತೆ ಯಾಕೆ?"

ಆರತಿಯ ತುಟಿ ಬಿಚ್ಚಿತು. ಒಳಗಿನಿಂದ ತಾತ ಕೆಮ್ಮಿದ್ದು ಕೇಳಿಸಿತು. "ವೇಂಡಾಂಮ್ಮಾ, ಬೇಡ," ಎಂದು ತಪ್ಪಿಸಿಕೊಂಡು ಓಡಿಹೋದಳು. ಹಿಂದೆ ಹೋಗುವಷ್ಟು ಶಕ್ತಿ ಕಮಲಿನಿಗೆ ಇರಲಿಲ್ಲ. ಕೈಬಟ್ಟೆಯನ್ನು ಕಲ್ಲಿಗೆ ಹಾಕಿ ಉಜ್ಜಿದಳು. ಹಸಿರು ಕಲೆ ಪೂರ್ತಿ ಹೋಗಲಿಲ್ಲ.

ಸೋಮವಾರ ಸ್ಕೂಲಿನಿಂದ ಫೋನು ಬಂತು. ಪ್ರೇಯರ್‌ನಲ್ಲಿ ನಿಂತಿದ್ದಾಗ ಆರತಿ ತಲೆಸುತ್ತಿ ಕೂತುಬಿಟ್ಟಿದ್ದಳು. ಕಮಲಿನಿ ಆಟೋ ಹಿಡಿದು ಹೋಗಿ, ಡಾಕ್ಟರಿಗೆ ತೋರಿಸಿ ಕರೆದುಕೊಂಡು ಬಂದಳು. ರಕ್ತ ಏರಿರಲಿಲ್ಲ, ಇನ್ನೂ ಇಳಿದಿತ್ತು. "ನಾನು ಹೇಳಿದ್ದು ಕೊಡ್ತಿದೀರಾ ಇಲ್ವಾ?" ಎಂದು ಡಾಕ್ಟರಮ್ಮ ಗದರಿದರು. ಕೊಡುತ್ತಿದ್ದೇನೆ ಎನ್ನುವುದೂ ಸುಳ್ಳು, ಇಲ್ಲ ಎನ್ನುವುದೂ ಸುಳ್ಳು.

ಸಂಜೆ ಮಾಧವ ಚಪ್ಪಲಿ ಬಿಡುತ್ತಲೇ ಶುರುಮಾಡಿದ. ಊಟಕ್ಕೆ ತಟ್ಟೆ ಹಾಕಿದ್ದಷ್ಟೇ, ಯಾರೂ ಕೈ ಹಾಕಿರಲಿಲ್ಲ. ಆರತಿ ತಾತನ ಪಕ್ಕದಲ್ಲಿ, ಅವರ ತೊಡೆಗೆ ಒರಗಿ ಕೂತಿದ್ದಳು.

"ಸಾಕು ಅಪ್ಪಾ ಈ ವ್ರತ. ಮಗು ಬಿದ್ದು ಏಳೋ ಹಾಗಾದ್ಮೇಲೆ ಇದೆಂಥಾ ಆಚಾರ?"

"ನಾನು ಯಾವಾಗ ಮಗು ತಿನ್ನಬಾರದು ಅಂದೆ?"

"ಅಡುಗೆಮನೆಗೆ ಬರಬಾರದು ಅಂದ್ರಲ್ಲ!"

"ಅಡುಗೆಮನೆ ಅಂದೆ. ಮಗು ಅಂದ್ನಾ? ಅವತ್ತು ನೀನೂ ಇಲ್ಲೇ ಕೂತಿದ್ದೆ. ಫೋನಿಂದ ತಲೆ ಎತ್ತಿದ್ಯಾ?"

"ನಾನು ದುಡಿಯೋಕೆ ಹೋಗೋದಾ, ಮನೇಲಿ ಯಾರು ಏನು ತಿಂತಾರೆ ಅಂತ ಕಾಯೋದಾ? ಕಮಲಿನಿ ಇದಾಳಲ್ಲ, ಅವಳು ನೋಡ್ಕೋಬೇಕಿತ್ತು."

ಕಮಲಿನಿ ಸಾರಿನ ಸೌಟನ್ನು ಕೆಳಗಿಟ್ಟಳು. ಜೋರಾಗಿ ಇಡಲಿಲ್ಲ. ಅಷ್ಟು ಶಕ್ತಿ ಇರಲಿಲ್ಲ.

"ನೋಡ್ಕೊಂಡಿದೀನಿ. ವ್ರತ ಶುರುವಾದ ಮರುದಿನದಿಂದ ನೋಡ್ಕೊಂಡಿದೀನಿ. ಹಿತ್ತಿಲಲ್ಲಿ ಕೂತು ದಿನಾ ಸೊಪ್ಪಿನ ಚಪಾತಿ ಮಾಡಿ ಕಳಿಸಿದೀನಿ. ಒಂದು ದಿನ ಕರೆಂಟ್ ಇಲ್ದೆ ಅಡುಗೆಮನೇಲೂ ಮಾಡಿದೀನಿ. ಬೈಯೋದಾದ್ರೆ ಬೈದ್ಬಿಡಿ ಮಾವ. ನನಗೆ ಸಾಕಾಗಿದೆ."

ಮಾಧವ ತಂದೆಯ ಮುಖ ನೋಡಿದ. ಅಲ್ಲಿ ಸಿಟ್ಟು ಕಾಣಲಿಲ್ಲ.

"ಕೊಟ್ಟಿದ್ರೆ ಹೀಗ್ಯಾಕಾಯ್ತು ಮತ್ತೆ?" ಎಂದು ಅವನು ಹೆಂಡತಿಯ ಕಡೆಗೇ ತಿರುಗಿದ.

"ಅವಳು ತಿಂದಿಲ್ಲ. ಒಳಗಿಂದೆಲ್ಲ ಕೆರೆದು ಬ್ಯಾಗಲ್ಲಿ ಗಂಟು ಕಟ್ಟಿಟ್ಟಿದಾಳೆ. ಕೇಳಿದ್ರೆ ಬಾಯಿ ಬಿಡಲ್ಲ."

"ಆರತೀ!" ಮಾಧವ ಗದರಿದ. "ಕೊಬ್ಬಾ ನಿನಗೆ?"

"ಗದರಬೇಡವೋ." ಸೇತುಮಾಧವರಾಯರು ಮೊಮ್ಮಗಳ ತಲೆಯ ಮೇಲೆ ಕೈಯಿಟ್ಟರು. "ಪುಟ್ಟೀ, ಯಾಕಮ್ಮ ತಿನ್ಲಿಲ್ಲ? ಸೊಪ್ಪು ಚೆನ್ನಾಗೇ ಇತ್ತಲ್ಲ. ನಾನೂ ತಿಂದೆ."

ಕಮಲಿನಿ ತಟ್ಟೆಯ ಅಂಚನ್ನೇ ನೋಡುತ್ತ ಕೂತಳು. ಅಡುಗೆಮನೆಯಲ್ಲಿ ಹಾಲು ಉಕ್ಕಿ ಸುಯ್ಯೆಂದಿತು. ಯಾರೂ ಏಳಲಿಲ್ಲ.

ಆರತಿ ತಾತನ ತೊಡೆಯಿಂದ ತಲೆಯೆತ್ತಿ ನೆಟ್ಟಗೆ ಕೂತಳು. ಒಮ್ಮೆ ತಾತನನ್ನು ನೋಡಿದಳು, ಒಮ್ಮೆ ಅಮ್ಮನನ್ನು. ಈ ಸಲ ಬಾಯಿ ಮುಚ್ಚಲಿಲ್ಲ.

"ಅಮ್ಮ ಒಳಗಿಟ್ಟು ಮುಚ್ಚಿಬಿಡ್ತಾಳೆ. ನೀವು ತಿಂದು ಬೇಳೆ ಅಂದ್ರಿ. ನಾನು ತಿನ್ನೋದು ತಪ್ಪಲ್ಲ ಅಂದ್ರೆ, ಎಲ್ಲಾರೂ ಯಾಕೆ ತಾತಾ ಬಚ್ಚಿಡ್ತೀರಿ?"